‘ಯುಗಾಂತರ’ದ ಚಿತ್ರಗಳು: ಒಂದು ಮರುನೋಟ

ನನ್ನ ಪ್ರಾಯದವರಿಗೆ ಸಾಕ್ಷ್ಯಚಿತ್ರವೆಂದೊಡನೆ ಮೊದಲು ನೆನಪಿಗೆ ಬರುವುದು ಕಡಲೆಕಾಯಿ. ಹೇಳುವುದಕ್ಕೆ ಸಂಕೋಚವಾದರೂ ಮಾತು ನಿಜ. ಪುಲಕೇಶಿನಗರದ ಎವರೆಸ್ಟ್ ಟಾಕೀಸಿರಲಿ, ಮೆಜೆಸ್ಟಿಕ್ಕಿನ ಯಾವುದೇ ಚಿತ್ರಮಂದಿರವಿರಲಿ, ಮುಖ್ಯ ಚಿತ್ರಕ್ಕೆ ಮೊದಲು ಸರ್ಕಾರದ ಫಿಲಂಸ್ ಡಿವಿಜನ್ನಿನ ಚಿತ್ರವೊಂದನ್ನು ತೋರಿಸಲೇಬೇಕೆಂಬ ಕಟ್ಟಳೆ ಆಗ ಇತ್ತು. 1948ರಲ್ಲಿ ಹುಟ್ಟಿದ ಆ ಸಂಸ್ಥೆಯ ಚಿತ್ರಗಳಲ್ಲಿ ಅಣೆಕಟ್ಟು ಬರುತ್ತಿತ್ತು, ನೆರೆ ಬರುತ್ತಿತ್ತು, ಗಿರಿಜನರ ಕುಣಿತ ಬರುತ್ತಿತ್ತು. ಎಲ್ಲಕ್ಕೂ ಗಂಟಲು ಮಾತ್ರ ಒಂದೇ. ಕುಣಿಯುವಾಕೆ ಕುಣಿದಳೇ ಹೊರತು ಮಾತಾಡಲಿಲ್ಲ. ಆಕೆಯ ಪರವಾಗಿ ಆ ಗಂಭೀರವಾದ ಗಂಟಲು ಮಾತಾಡಿ ಮುಗಿಸುವಷ್ಟರಲ್ಲಿ ನಾವು ಹೊರಗೆ ಹೋಗಿ ಕಡಲೆಕಾಯಿ ಕೊಂಡು ಬಂದು ಕುಳಿತಿರುತ್ತಿದ್ದೆವು. ಎಸ್. ಎನ್. ಎಸ್. ಶಾಸ್ತ್ರಿ, ಸುಖದೇವ್ ಅವರಂಥ ಪ್ರತಿಭಾವಂತರು ಅದೇ ಸಂಸ್ಥೆಗೆ ಚಿತ್ರ ಮಾಡಿದ್ದರೆಂಬುದು ನಮಗೆ ಗೊತ್ತಾಗುವ ಹೊತ್ತಿಗೆ ಟಾಕೀಸುಗಳೇ ಮುಚ್ಚತೊಡಗಿದ್ದವು.

ಈ ಹಳೆಯ ಪಾಪವನ್ನು ನೆನೆಸಿಕೊಳ್ಳುವುದಕ್ಕೆ ಕಾರಣವಿದೆ. ಕಮ್ಮನಹಳ್ಳಿಯ ನಮ್ಮ ಮನೆಯಲ್ಲಿ ಈಚೆಗೆ ನಾಲ್ಕಾರು ಮಧ್ಯಾಹ್ನ ಕುಳಿತು, ಮೊಮ್ಮಗಳು ಕಂಪ್ಯೂಟರಿನಲ್ಲಿ ಹಚ್ಚಿಕೊಟ್ಟ ಕೆಲವು ಹಳೆಯ ಸಾಕ್ಷ್ಯಚಿತ್ರಗಳನ್ನು ನೋಡಿದೆ. ‘ಯುಗಾಂತರ’ ಎಂಬ ಹೆಸರಿನ ಗುಂಪು 1980ರಿಂದ 1983ರ ನಡುವೆ ತಯಾರಿಸಿದ ನಾಲ್ಕು ಚಿತ್ರಗಳವು. ಗುಂಪಿನಲ್ಲಿ ಇದ್ದವರು ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್. ಬೆಂಗಳೂರೇ ಇವರ ನೆಲೆ. ನಮ್ಮ ದೇಶದಲ್ಲಿ ಹೆಣ್ಣಿನ ದೃಷ್ಟಿಯನ್ನು ಮುಂದಿಟ್ಟುಕೊಂಡು ಚಿತ್ರ ಮಾಡಲು ಹೊರಟ ಮೊದಲ ಕೂಟವೆಂದು ಇದನ್ನು ಬಲ್ಲವರು ಕರೆಯುತ್ತಾರೆ. ಹಾಗಿದ್ದೂ ಈ ಊರಿನಲ್ಲಿ ಅರುವತ್ತು ವರ್ಷ ಕಳೆದ ನಾನು ಈ ಚಿತ್ರಗಳನ್ನು ನೋಡಲು ಇಷ್ಟು ತಡವಾದುದಕ್ಕೆ ನನ್ನ ಉದಾಸೀನವಲ್ಲದೆ ಬೇರೆ ಕಾರಣ ಹೇಳಲಾರೆ.

ಕಾಲವನ್ನು ಸ್ವಲ್ಪ ನೆನಪಿಸಿಕೊಳ್ಳಬೇಕು. ತುರ್ತುಪರಿಸ್ಥಿತಿ ಮುಗಿದು ಮೂರು ವರ್ಷವಾಗಿತ್ತು. ಮಥುರಾ ಎಂಬ ಆದಿವಾಸಿ ಹುಡುಗಿಯ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಆಪಾದಿತ ಪೋಲೀಸರನ್ನು ಬಿಡುಗಡೆ ಮಾಡಿದ್ದರ ವಿರುದ್ಧ 1979ರಿಂದ ಊರೂರಿನ ಹೆಂಗಸರು ಬೀದಿಗಿಳಿದಿದ್ದರು. ಆ ಕಾವಿನಲ್ಲಿ ಹುಟ್ಟಿದ ಚಿತ್ರಗಳು ಇವು. ಸರ್ಕಾರದ ಹಣವಿಲ್ಲ, ಟಾಕೀಸಿನ ಬೆಂಬಲವಿಲ್ಲ. ಹದಿನಾರು ಮಿಲಿಮೀಟರ್ ಫಿಲಂ, ಚಿತ್ರವೊಂದಕ್ಕೆ ಸುಮಾರು 25 ನಿಮಿಷ. ಮುಗಿದ ಮೇಲೆ ಪ್ರೊಜೆಕ್ಟರನ್ನು ಹೊತ್ತುಕೊಂಡು ಸಂಘಗಳಿಗೆ, ಕೇರಿಗಳಿಗೆ, ಹಳ್ಳಿಗಳಿಗೆ ಹೋಗಿ ತೋರಿಸುವುದು. ತೋರಿಸಿ ಎದ್ದು ಬರದೆ, ಕುಳಿತು ಮಾತಾಡುವುದು. ಸ್ವತಂತ್ರ ಚಿತ್ರವೆಂಬ ಮಾತಿಗೆ ಇದಕ್ಕಿಂತ ನೇರವಾದ ಅರ್ಥ ನನಗೆ ಸಿಕ್ಕಿಲ್ಲ.

ಕನ್ನಡ ಓದುಗರಿಗೆ ಇವುಗಳಲ್ಲಿ ಅತ್ಯಂತ ಹತ್ತಿರದ ಚಿತ್ರ 1982ರ ‘ತಂಬಾಖು ಚಾಕಿಲಾ ಊಬ್ ಆಲಿ’. ‘ಊಬ್’ ಎಂದರೆ ಕಾವು. ಹೆಸರು ಮರಾಠಿ, ಮಾತು ಮರಾಠಿ. ಊರು ಮಾತ್ರ ನಮ್ಮ ನಿಪ್ಪಾಣಿ. ನೌಕರಿಯ ನಿಮಿತ್ತ ಕೆಲವು ವರ್ಷ ಬೆಳಗಾವಿಯಲ್ಲಿದ್ದಾಗ ಪುಣೆಯ ಹೆದ್ದಾರಿಯಲ್ಲಿ ಎಷ್ಟೋ ಸಲ ಆ ಊರನ್ನು ದಾಟಿದ್ದೇನೆ. ನಿಪ್ಪಾಣಿ ಬಂತೆಂದು ಕಂಡಕ್ಟರು ಕೂಗುವ ಮೊದಲೇ ಮೂಗು ಹೇಳುತ್ತಿತ್ತು. ಬೀಡಿಯ ತಂಬಾಕಿಗೆ ಹೆಸರಾದ ಪೇಟೆ. ತಂಬಾಕನ್ನು ಕೂಡಿಡುವ, ಹಸನು ಮಾಡುವ ವಖಾರಿಗಳು ಸಾಲಾಗಿ ಇದ್ದವು. ಬಸ್ಸಿನ ಕಿಟಕಿಯ ಗಾಜನ್ನು ಎಳೆದುಕೊಳ್ಳುವುದಷ್ಟೇ ಆಗ ನನಗೆ ತೋಚುತ್ತಿದ್ದ ಕರ್ತವ್ಯ. ಒಳಗೆ ಯಾರು ಕುಳಿತಿದ್ದಾರೆಂದು ಕೇಳಿದವನಲ್ಲ.

ಒಳಗೆ ಹೆಂಗಸರು ಕುಳಿತಿದ್ದರು. ಮೂಗು ಬಾಯಿಗಳಿಗೆ ಬಟ್ಟೆ ಸುತ್ತಿಕೊಂಡು, ತಂಬಾಕಿನ ಧೂಳಿನಲ್ಲಿ ಕಣ್ಣು ಕಿರಿದಾಗಿಸಿಕೊಂಡು, ಸೊಪ್ಪನ್ನು ಹಸನು ಮಾಡುವ ಹೆಂಗಸರು. ನವರೋಜ್ ಕಾಂಟ್ರಾಕ್ಟರರ ಕ್ಯಾಮೆರಾ ಆ ಮುಖಗಳ ಹತ್ತಿರಕ್ಕೆ ಹೋಗುತ್ತದೆ. ಆದರೆ ಹತ್ತಿರ ಹೋಗಿ ಕರಗಿ ನೀರಾಗುವುದಿಲ್ಲ. ಇದೇ ಛಾಯಾಗ್ರಾಹಕರು 1973ರಲ್ಲಿ ಮಣಿ ಕೌಲರ ‘ದುವಿಧಾ’ ಚಿತ್ರದಲ್ಲಿ ರಾಜಸ್ಥಾನದ ಬಣ್ಣಗಳನ್ನು ಎಷ್ಟು ಸೊಗಸಾಗಿ ಹಿಡಿದಿದ್ದರೆಂಬುದು ಬಲ್ಲವರಿಗೆ ಗೊತ್ತು. ಆ ಸೊಗಸನ್ನು ಬಿಡುವ ಸಂಯಮ ಅವರಿಗೆ ಇಲ್ಲಿ ಇದೆ. ಧೂಳಿನ ಮೇಲೆ ಬೆಳಕು ಬಿದ್ದರೆ ಯಾರ ಕೈಯಲ್ಲಾದರೂ ಸುಂದರವಾಗಿ ಕಂಡೀತು; ಆ ಧೂಳು ಸುಂದರವಲ್ಲ, ಎದೆಯೊಳಕ್ಕೆ ಹೋಗುವಂಥದು ಎಂಬುದನ್ನು ಚಿತ್ರ ಮರೆಯುವುದಿಲ್ಲ. ಕಾಂಟ್ರಾಕ್ಟರರು 2023ರಲ್ಲಿ ಹೊಸೂರಿನ ಬಳಿ ಮೋಟಾರು ಸೈಕಲ್ ಅಪಘಾತದಲ್ಲಿ ತೀರಿಕೊಂಡರು. ಇಂಥ ಸಂಯಮದ ಕಣ್ಣು ನಮ್ಮ ಊರಿನಲ್ಲೇ ಇತ್ತೆಂದು ತಡವಾಗಿ ತಿಳಿದವರಲ್ಲಿ ನಾನೂ ಒಬ್ಬ.

ಚಿತ್ರದ ನಿಜವಾದ ಸಾಧನೆ ಅದರ ಧ್ವನಿಯಲ್ಲಿದೆ. ವಿವರಣೆ ಕೊಡುವ ಧ್ವನಿ ಇಲ್ಲಿಯೂ ಉಂಟು. ಆದರೆ ಅದು ‘ಇವರು’ ಎನ್ನುವುದಿಲ್ಲ, ‘ನಾವು’ ಎನ್ನುತ್ತದೆ. ದುಡಿಮೆಯ ಹೊತ್ತು, ಕೂಲಿ, ಮೇಲ್ವಿಚಾರಕರ ನಡತೆ, ಸಂಘ ಕಟ್ಟಿದ ಬಗೆ, ಮುಷ್ಕರ—ಎಲ್ಲವನ್ನೂ ಆ ‘ನಾವು’ ಹೇಳುತ್ತದೆ. ಬೀಡಿ ಕಾರ್ಮಿಕರ ಕಾಯಿದೆ ಬಂದದ್ದು 1966ರಲ್ಲಿ. ದೆಹಲಿಯಲ್ಲಿ ಹುಟ್ಟಿದ ಕಾಯಿದೆ ವಖಾರಿಯ ಬಾಗಿಲಿಗೆ ಬರಬೇಕಾದರೆ ಯಾರಾದರೂ ಕೈಹಿಡಿದು ಕರೆತರಬೇಕು. ಆ ಕೆಲಸವನ್ನು ಈ ಹೆಂಗಸರು ತಾವೇ ಮಾಡಿದರು. ಚಿತ್ರತಂಡ ತಿಂಗಳುಗಟ್ಟಲೆ ಅವರ ಜೊತೆಗಿದ್ದು, ಏನನ್ನು ಹೇಳಬೇಕು, ಹೇಗೆ ಹೇಳಬೇಕು ಎಂಬುದನ್ನು ಅವರೊಡನೆ ಕುಳಿತು ಗೊತ್ತುಮಾಡಿತು. ನಡೆದುಹೋದ ಕೆಲವು ಸಂಗತಿಗಳನ್ನು ಹೆಂಗಸರು ಕ್ಯಾಮೆರಾದ ಮುಂದೆ ಮತ್ತೆ ನಡೆಸಿ ತೋರಿಸಿದ್ದಾರೆ.

ಇಲ್ಲಿ ಕೆಲವರು ಆಕ್ಷೇಪ ಎತ್ತಬಹುದು. ಮತ್ತೆ ನಡೆಸಿದ್ದು ನಾಟಕವಾಯಿತಲ್ಲ, ಸಾಕ್ಷ್ಯ ಹೇಗಾದೀತು? ನನಗೂ ಮೊದಲು ಹೀಗೆಯೇ ಅನ್ನಿಸಿತು. ಆದರೆ ಕೋರ್ಟಿನಲ್ಲಿ ಸಾಕ್ಷಿ ಹೇಳುವವನು ಮಾಡುವುದು ಏನು? ನಡೆದುದನ್ನು ಮತ್ತೆ ನಡೆಸುವುದೇ ತಾನೆ, ಮಾತಿನಲ್ಲಿ? ನಮ್ಮ ಹಳ್ಳಿಗಳಲ್ಲಿ ಜಗಳದ ವರದಿ ಕೊಡುವಾಕೆ ಸೆರಗು ಬಿಗಿದು, ಎದುರಾಳಿಯ ಮಾತನ್ನು ಅವಳದೇ ದನಿಯಲ್ಲಿ ಆಡಿ ತೋರಿಸುತ್ತಾಳೆ. ಅದನ್ನು ಸುಳ್ಳೆನ್ನುವವರಿಲ್ಲ. ಆಡಿ ತೋರಿಸುವ ಹಕ್ಕು ಯಾರದು ಎಂಬುದೇ ಮುಖ್ಯ. ಅನುಭವಿಸಿದವರದೇ ಆದರೆ ಆಟವೂ ಸಾಕ್ಷ್ಯ.

ನಿಪ್ಪಾಣಿಯ ವಿಷಯದಲ್ಲಿ ಕನ್ನಡಿಗರಾದ ನಾವು ಯೋಚಿಸಬೇಕಾದ ಮಾತೊಂದಿದೆ. 1956ರವರೆಗೆ ಆ ಊರು ಮುಂಬಯಿ ರಾಜ್ಯದಲ್ಲಿತ್ತು. ಆಮೇಲೆ ನಮ್ಮದಾಯಿತು. 1966ರಲ್ಲಿ ಮಹಾಜನ್ ಆಯೋಗ ನೇಮಕವಾಗಿ, ಮರುವರ್ಷ ಕೊಟ್ಟ ವರದಿಯಲ್ಲಿ ನಿಪ್ಪಾಣಿಯನ್ನು ಮಹಾರಾಷ್ಟ್ರಕ್ಕೆ ಬಿಡಬೇಕೆಂಬ ಸಲಹೆಯಿತ್ತು. ಸಲಹೆ ಕಾಗದದಲ್ಲೇ ಉಳಿಯಿತು. ಹೀಗೆ ನಮ್ಮ ಪತ್ರಿಕೆಗಳಲ್ಲಿ ನಿಪ್ಪಾಣಿಯೆಂದರೆ ಗಡಿ, ಗಡಿಯೆಂದರೆ ತಕರಾರು. 1981ರಲ್ಲಿ ತಂಬಾಕು ಬೆಳೆಗಾರರು ಶರದ್ ಜೋಷಿಯವರ ಮುಂದಾಳುತನದಲ್ಲಿ ಹೆದ್ದಾರಿಯಲ್ಲಿ ಕುಳಿತು, ಗೋಲೀಬಾರು ನಡೆದಾಗ ಕೆಲವು ದಿನ ಆ ಊರಿನ ಹೆಸರು ಬೇರೆ ಕಾರಣಕ್ಕೆ ಅಚ್ಚಾಯಿತು. ವಖಾರಿಯ ಹೆಂಗಸರ ಹೆಸರು ಆಗಲೂ ಬರಲಿಲ್ಲ. ನೆಲ ತಮ್ಮದೆಂದು ಎರಡು ರಾಜ್ಯಗಳು ವಾದಿಸಿದವು. ಆ ನೆಲದ ಧೂಳನ್ನು ಉಸಿರಾಡುವವರು ತಮ್ಮವರೆಂದು ಯಾವ ರಾಜ್ಯವೂ ಅಷ್ಟೇ ಜೋರಾಗಿ ವಾದಿಸಿದ್ದು ನನಗೆ ಕೇಳಿಸಿಲ್ಲ. ಅವರ ಮಾತು ಮರಾಠಿಯಾದರೇನು, ಕರ್ನಾಟಕದ ಕಾರ್ಮಿಕರ ಚರಿತ್ರೆಯಲ್ಲಿ ಈ ಚಿತ್ರಕ್ಕೆ ಒಂದು ಅಧ್ಯಾಯ ಸಲ್ಲಬೇಕು.

ಈ ಗುಂಪಿನ ಮೊದಲ ಚಿತ್ರ ‘ಮೋಲ್ಕರೀನ್’ (1981) ನಿಪ್ಪಾಣಿಗಿಂತ ಇನ್ನೂ ಹತ್ತಿರದ್ದು. ನಮ್ಮ ಅಡಿಗೆಮನೆಯಷ್ಟು ಹತ್ತಿರ. ಮೋಲ್ಕರೀನ್ ಎಂದರೆ ಮನೆಗೆಲಸದಾಕೆ. 1980ರಲ್ಲಿ ಪುಣೆಯ ಮನೆಗೆಲಸದವರು, ಯಾರೂ ಕರೆಕೊಡದೆ ತಾವಾಗಿ, ಪಾತ್ರೆಗಳನ್ನು ತೊಟ್ಟಿಯಲ್ಲಿ ಬಿಟ್ಟು ಮುಷ್ಕರ ಹೂಡಿದರು. ಆ ಮುಷ್ಕರದಿಂದ ಸಂಘ ಬೆಳೆದ ಕಥೆಯನ್ನು ಆ ಸಂಘದೊಡನೆಯೇ ಸೇರಿ ಮಾಡಿದ ಚಿತ್ರ ಇದು. ಕಾರ್ಖಾನೆಯ ಮುಷ್ಕರದಲ್ಲಿ ಗೇಟು ಇರುತ್ತದೆ, ಗೇಟಿನ ಮುಂದೆ ಜನ ಸೇರುತ್ತಾರೆ. ಒಬ್ಬೊಬ್ಬಳೂ ಒಂದೊಂದು ಮನೆಯ ಹಿತ್ತಿಲಲ್ಲಿ ದುಡಿಯುವವರು ಸೇರುವುದು ಎಲ್ಲಿ? ಒಬ್ಬಳು ಬಿಟ್ಟ ಮನೆಗೆ ಇನ್ನೊಬ್ಬಳು ಹೋಗದಂತೆ ತಡೆಯುವುದು ಹೇಗೆ? ಚಿತ್ರದ ಕುತೂಹಲವಿರುವುದು ಇಂಥ ಪ್ರಶ್ನೆಗಳಲ್ಲಿ. ಅದು ನಮ್ಮಿಂದ ಕಣ್ಣೀರನ್ನು ಕೇಳುವುದಿಲ್ಲ, ಲೆಕ್ಕವನ್ನು ಕೇಳುತ್ತದೆ.

ಈ ಚಿತ್ರ ನೋಡುತ್ತಿದ್ದ ಮಧ್ಯಾಹ್ನ ನಡೆದದ್ದನ್ನು ಹೇಳದೆ ವಿಮರ್ಶೆ ಮುಗಿಸಿದರೆ ಅಪ್ರಾಮಾಣಿಕತೆಯಾದೀತು. ನಮ್ಮಲ್ಲಿ ಹನ್ನೊಂದು ವರ್ಷದಿಂದ ಕೆಲಸಕ್ಕೆ ಬರುವಾಕೆ ಲಿಂಗರಾಜಪುರದ ಕಡೆಯಿಂದ ನಡೆದು ಬರುತ್ತಾಳೆ. ಮನೆಯಲ್ಲಿ ಆಡುವುದು ತಮಿಳು, ನಮ್ಮೊಡನೆ ಕನ್ನಡ. ಪಾತ್ರೆ ತೊಳೆದು ಕೈ ಒರೆಸಿಕೊಳ್ಳುತ್ತ ಬಾಗಿಲಲ್ಲಿ ನಿಂತವಳು ಪರದೆಯ ಮೇಲೆ ಪಾತ್ರೆ ತೊಳೆಯುವ ಹೆಂಗಸನ್ನು ಕಂಡಳು.

“ಯಾವೂರು ಸಾರ್ ಇವರೆಲ್ಲ?”

“ಪುಣೆ. ಹಳೇ ಕಾಲದ್ದು. ಸ್ಟ್ರೈಕ್ ಮಾಡಿದ್ದರು.”

“ನಮ್ಮ ತರದವರಾ ಸ್ಟ್ರೈಕ್ ಮಾಡಿದ್ದು?” ಎಂದು ನಕ್ಕು, ಹೊಸ್ತಿಲ ಮೇಲೆ ಕುಳಿತಳು. “ಏನ್ ಹೇಳ್ತಾವ್ರೆ, ಸ್ವಲ್ಪ ಹೇಳಿ ಸಾರ್.”

ಬೆಳಗಾವಿಯ ಪುಣ್ಯದಿಂದ ನನಗೆ ಅಷ್ಟಿಷ್ಟು ಮರಾಠಿ ಅರ್ಥವಾಗುತ್ತದೆ. ನಾನು ನೋಡುತ್ತಿದ್ದ ಪ್ರತಿಯಲ್ಲಿ ಇಂಗ್ಲಿಷಿನ ಅಡಿಬರಹವೂ ಇತ್ತು. ಉತ್ಸಾಹದಿಂದ ಒಂದೊಂದೇ ಮಾತನ್ನು ಕನ್ನಡಕ್ಕೆ ತಿರುಗಿಸಿ ಹೇಳತೊಡಗಿದೆ. ಸಂಘದ ಮಾತು ಬಂದಾಗ ಹೇಳಿದೆ, ಸಭೆಯ ಮಾತು ಬಂದಾಗ ಹೇಳಿದೆ. ಆಮೇಲೆ ಅವರು ತಮ್ಮ ಒಡತಿಯರ ಬಗ್ಗೆ, ಸಂಬಳದ ಬಗ್ಗೆ, ಇಲ್ಲದ ರಜೆಯ ಬಗ್ಗೆ ಮಾತಾಡತೊಡಗಿದರು. ನನ್ನ ಕನ್ನಡ ನಿಧಾನವಾಯಿತು. ಒಂದು ಮಾತನ್ನು ಮೆತ್ತಗೆ ಮಾಡಿ ಹೇಳಿದೆ. ಮುಂದಿನದನ್ನು ನುಂಗಿಬಿಟ್ಟೆ. ಹಿಂದಿನ ತಿಂಗಳು ಆಕೆ ಮಗಳ ಬಾಣಂತನಕ್ಕೆಂದು ಆರು ದಿನ ಬಾರದೆ ಇದ್ದಾಗ ನಮ್ಮ ಮನೆಯಲ್ಲಿ ಸಂಬಳ ಹಿಡಿದಿದ್ದೆವು. ಹಿಡಿದದ್ದು ನನ್ನಾಕೆಯೆಂದು ಹೇಳಿ ಜಾರಿಕೊಳ್ಳಬಹುದು; ಲೆಕ್ಕ ಹಾಕಿ ಕೊಟ್ಟವನು ನಾನು.

“ಅಷ್ಟೇನಾ ಹೇಳಿದ್ದು ಅವರು? ತುಂಬಾ ಹೊತ್ತು ಮಾತಾಡಿದ್ರಲ್ಲ?” ಎಂದಳು ಆಕೆ.

ಆ ಪ್ರಶ್ನೆಗೆ ನಾನು ಉತ್ತರ ಹೇಳಲಿಲ್ಲ. ಎವರೆಸ್ಟ್ ಟಾಕೀಸಿನ ಪರದೆಯ ಹಿಂದಿನಿಂದ ಮಾತಾಡುತ್ತಿದ್ದ ಆ ಗಂಟಲು ಯಾರದೆಂದು ಆಗ ನನಗೆ ತಿಳಿಯಿತು. ಐವತ್ತು ವರ್ಷ ನಾನು ಅದನ್ನು ಸರ್ಕಾರದ ಗಂಟಲೆಂದು ಹಾಸ್ಯ ಮಾಡಿದ್ದೆ. ಬಾಯಿ ತೆರೆದು ಮಾತಾಡುವವರ ಎದುರಿಗೇ ನಿಂತು, ನಮಗೆ ಬೇಕಾದಷ್ಟನ್ನು ಮಾತ್ರ ದಾಟಿಸುವುದು ನನಗೂ ಎಷ್ಟು ಸಲೀಸಾಗಿ ಬಂತು! ‘ಯುಗಾಂತರ’ದವರು ತಿಂಗಳುಗಟ್ಟಲೆ ಆ ಹೆಂಗಸರೊಡನೆ ಕುಳಿತು ಮಾತನ್ನು ಗೊತ್ತುಮಾಡಿಕೊಂಡದ್ದು ಏಕೆಂಬುದು ಪುಸ್ತಕದಿಂದ ತಿಳಿಯುವುದಕ್ಕಿಂತ ಚೆನ್ನಾಗಿ ಆ ಹೊಸ್ತಿಲಲ್ಲಿ ತಿಳಿಯಿತು. ನಡುವೆ ನಿಂತು ಹೇಳುವವನಿಗೆ ತನ್ನದೇ ಆದ ಹಿತಾಸಕ್ತಿ ಇರುತ್ತದೆ. ಅದನ್ನು ಹತೋಟಿಯಲ್ಲಿಡುವ ವಿಧಾನವಿಲ್ಲದೆ ಒಳ್ಳೆಯ ಮನಸ್ಸೊಂದೇ ಸಾಲದು.

‘ಸಮಾಜದ ಅಂಚಿನಲ್ಲಿರುವ ಜನ’ ಎಂದು ನಾವು ಬರೆಯುತ್ತೇವೆ. ಅಂಚನ್ನು ಅಳೆಯುವುದು ಎಲ್ಲಿಂದ? ದಿನಕ್ಕೆರಡು ಸಲ ನಮ್ಮ ಮನೆಯ ನಡುವೆ ಓಡಾಡುವಾಕೆ ಅಂಚಿನವಳು ಹೇಗಾದಳು? ಈ ಗುಂಪಿನ ಮೂರನೆಯ ಚಿತ್ರ, 1983ರ ತೆಲುಗಿನ ‘ಇದಿ ಕಥಾ ಮಾತ್ರಮೇನಾ?’ ಈ ಪ್ರಶ್ನೆಗೆ ದಿಟ್ಟವಾದ ಉತ್ತರ. ಹೆಸರಿನ ಅರ್ಥ ‘ಇದು ಬರೀ ಕಥೆಯೇ?’ ಎಂದು. ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯ ಸದಸ್ಯೆಯರೇ ನಟಿಸಿದ ಕಥಾಚಿತ್ರ ಅದು. ಓದಿದವರ, ಮಧ್ಯಮ ವರ್ಗದವರ ಸಂಸಾರದಲ್ಲಿ ಬಾಗಿಲು ಹಾಕಿಕೊಂಡು ನಡೆಯುವ ಹಿಂಸೆ ಅದರ ವಸ್ತು. ಬಡವರ ಮನೆಗೆ ಹೋದ ಕ್ಯಾಮೆರಾ ಅಲ್ಲಿಯೇ ಉಳಿಯದೆ, ತನ್ನವರ ನಡುಮನೆಗೆ ತಿರುಗಿ ಬಂದಿತು. ಪರರ ನೋವನ್ನು ಚಿತ್ರಿಸುವ ಕಲಾವಿದರಲ್ಲಿ ಇಷ್ಟು ಮಾಡುವವರು ವಿರಳ. ನಾಲ್ಕನೆಯ ಚಿತ್ರ ‘ಸುದೇಶಾ’, ಹಿಮಾಲಯದ ಚಿಪ್ಕೋ ಚಳವಳಿಯ ಹೆಣ್ಣುಮಗಳೊಬ್ಬಳದು. ಅದರ ಗುಣ ಬೇರೆ. ಸ್ಥಳದ ಅಭಾವದಿಂದ ಇಲ್ಲಿ ಬಿಡುತ್ತೇನೆ.

ಕೊರತೆಗಳಿಲ್ಲವೆ? ಇವೆ. ‘ನಾವು’ ಎಂಬ ಧ್ವನಿ ಎಷ್ಟು ಬಲವೋ ಅಷ್ಟೇ ಮಿತಿ. ನಿಪ್ಪಾಣಿಯ ಆ ಮುಖಗಳಲ್ಲಿ ಯಾವುದಾದರೂ ಒಂದು ಮುಖವನ್ನು ಅನುಸರಿಸಿ ಆಕೆಯ ಮನೆಗೆ ಹೋಗಿ, ಸಂಜೆ ಆಕೆ ಒಲೆ ಹೊತ್ತಿಸುವುದನ್ನು ನೋಡಬೇಕೆನಿಸುತ್ತದೆ. 25 ನಿಮಿಷ ಅದಕ್ಕೆ ಎಡೆಗೊಡುವುದಿಲ್ಲ. ಗುಂಪಿನ ಧೈರ್ಯ ಕಾಣುತ್ತದೆ, ಒಬ್ಬಳ ಅಳುಕು ಕಾಣುವುದಿಲ್ಲ. ಮೈಸೂರಿನ ಟಿ. ಎಸ್. ಸತ್ಯನ್ (1923–2009) ಅವರ ಛಾಯಾಚಿತ್ರಗಳಲ್ಲಿ ನನಗೆ ಸಿಗುವುದು ಇದೇ—ಯಾವ ಕೇರಿಯದೋ ಒಂದು ಮಗು, ಮುಂದೆಂದೂ ಮರೆಯದ ಹಾಗೆ. 1979ರ ಮಕ್ಕಳ ವರ್ಷದಲ್ಲಿ ವಿಶ್ವಸಂಸ್ಥೆಯಲ್ಲಿ ಅವರ ಚಿತ್ರಗಳು ಪ್ರದರ್ಶನಗೊಂಡದ್ದು ಸುಮ್ಮನೆ ಅಲ್ಲ. ಆದರೆ ಸತ್ಯನ್ನರ ಮಗು ನಮ್ಮನ್ನು ನೋಡಿ ನಗುತ್ತದೆ, ನಾವು ಹಗುರಾಗಿ ಪುಟ ತಿರುಗಿಸುತ್ತೇವೆ. ‘ಮೋಲ್ಕರೀನ್’ ಹಾಗೆ ಬಿಡುವುದಿಲ್ಲ. ಎರಡೂ ಬೇಕು, ಒಂದರ ಕೆಲಸವನ್ನು ಇನ್ನೊಂದು ಮಾಡಲಾರದು.

ದೀಪಾ ಧನರಾಜ್ ಅವರು ಅಲ್ಲಿಗೇ ನಿಲ್ಲಲಿಲ್ಲ. ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಣ್ಣಿನ ದೇಹದ ಮೇಲೆ ನಡೆದುದನ್ನು ಕುರಿತ ‘ಸಮ್‌ಥಿಂಗ್ ಲೈಕ್ ಎ ವಾರ್’ (1991), ತಮಿಳುನಾಡಿನ ಮುಸ್ಲಿಂ ಹೆಂಗಸರ ಜಮಾತನ್ನು ಕುರಿತ ‘ಇನ್ವೋಕಿಂಗ್ ಜಸ್ಟಿಸ್’ (2011), ರೋಹಿತ್ ವೇಮುಲನ ಸಾವಿನ ನಂತರದ ಚಳವಳಿಯನ್ನು ಕುರಿತ ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’ (2018)—ಹೀಗೆ ನಾಲ್ಕು ದಶಕದ ಸಾಧನೆ ಅವರದು. ‘ಯುಗಾಂತರ’ದ ಮಾಸಿದ ಪ್ರತಿಗಳನ್ನು ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ ಜೀರ್ಣೋದ್ಧಾರ ಮಾಡಿ ಉಳಿಸಿತು. ನಿಪ್ಪಾಣಿಯ ಹೆಂಗಸರ ಮಾತು ಉಳಿಯುವುದಕ್ಕೆ ಜರ್ಮನಿಯ ಕೈ ಬೇಕಾಯಿತೆಂಬುದು ನಮಗೆ ಹೆಮ್ಮೆಯ ವಿಷಯವಲ್ಲ.

ಕಾಯಿದೆಯ ಮಟ್ಟದಲ್ಲಿ ಏನೂ ಆಗಿಲ್ಲವೆಂದು ಹೇಳಲಾರೆ. ನಮ್ಮ ರಾಜ್ಯ 2004ರಲ್ಲೇ ಮನೆಗೆಲಸಕ್ಕೆ ಕನಿಷ್ಠ ವೇತನವನ್ನು ಗೊತ್ತುಮಾಡಿತು. ಮಹಾರಾಷ್ಟ್ರ 2008ರಲ್ಲಿ ಮನೆಗೆಲಸದವರ ಕಲ್ಯಾಣ ಮಂಡಳಿಗೆ ಕಾಯಿದೆ ಮಾಡಿತು. 2011ರಲ್ಲಿ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ ಇವರಿಗಾಗಿಯೇ ಒಂದು ಒಪ್ಪಂದವನ್ನು ಅಂಗೀಕರಿಸಿತು. ಭಾರತ ಅದನ್ನಿನ್ನೂ ಸ್ಥಿರೀಕರಿಸಿಲ್ಲ. ಕಮ್ಮನಹಳ್ಳಿಯ ಮುಖ್ಯರಸ್ತೆಯಲ್ಲಿ ಬೆಳಿಗ್ಗೆ ಏಳು ಗಂಟೆಗೆ ನಿಂತು ನೋಡಿ. ಹೋಟೆಲುಗಳು ಬಾಗಿಲು ತೆರೆಯುವ ಮೊದಲೇ ಕೈಯಲ್ಲೊಂದು ಚೀಲ ಹಿಡಿದು ಜಲವಾಯು ವಿಹಾರದ ಕಡೆಗೆ, ಎಚ್‌ಆರ್‌ಬಿಆರ್ ಬಡಾವಣೆಯ ಕಡೆಗೆ ಬಿರುಸಾಗಿ ನಡೆಯುವ ಹೆಂಗಸರ ಸಾಲು ಕಾಣುತ್ತದೆ. ಆ ಸಾಲಿನಲ್ಲಿ ಎಷ್ಟು ಜನರಿಗೆ 2004ರ ಮಾತು ಗೊತ್ತು? ಅವರನ್ನು ಕರೆಸಿಕೊಳ್ಳುವ ಮನೆಗಳಲ್ಲಿ ಎಷ್ಟು ಜನರಿಗೆ ಗೊತ್ತು? ನನಗೆ ಈ ಲೇಖನ ಬರೆಯಲು ಹೊರಡುವವರೆಗೆ ಗೊತ್ತಿರಲಿಲ್ಲ.

ಮರುವಾರ ಆಕೆಯನ್ನು ಕೂರಿಸಿಕೊಂಡು ‘ಮೋಲ್ಕರೀನ್’ ಚಿತ್ರವನ್ನು ಮತ್ತೆ ಹಾಕಿದೆ. ಈ ಸಲ ನನ್ನಾಕೆಯೂ ಕುಳಿತಳು. ನುಂಗಿದ್ದ ಮಾತುಗಳನ್ನು ನಿಲ್ಲಿಸಿ ನಿಲ್ಲಿಸಿ ಪೂರಾ ಹೇಳಿದೆ. ಒಂದೆರಡು ಕಡೆ ಮನೆಯೊಡತಿ ಕಿಟಕಿಯ ಕಡೆಗೆ ನೋಡಿದಳು. ಕೆಲಸದಾಕೆ ಮಾತ್ರ ಪರದೆಯಿಂದ ಕಣ್ಣು ತೆಗೆಯಲಿಲ್ಲ. ಮುಗಿದ ಮೇಲೆ, “ಕೊನೆಗೆ ಎಷ್ಟು ಜಾಸ್ತಿ ಮಾಡಿದ್ರು ಸಾರ್?” ಎಂದು ಕೇಳಿದಳು. ಅದುವರೆಗೆ ನಾನು ಓದಿದ ಯಾವ ವಿಮರ್ಶೆಯಲ್ಲಿಯೂ ಈ ಪ್ರಶ್ನೆಯನ್ನು ಕಂಡಿರಲಿಲ್ಲ.

ಹಿಡಿದಿದ್ದ ಆರು ದಿನದ ಹಣವನ್ನು ಅಂದೇ ಕೊಟ್ಟೆವು. ಎಣಿಸಿಕೊಂಡು ಸೆರಗಿನಲ್ಲಿ ಕಟ್ಟಿಕೊಂಡಳು. ದೊಡ್ಡ ಉಪಕಾರವಾಯಿತೆಂದು ಹೇಳಲಿಲ್ಲ. ಹೇಳಬೇಕಾದ ಅಗತ್ಯವೂ ಇರಲಿಲ್ಲ. ತನ್ನ ಬೀದಿಯ ಹತ್ತು ಮಂದಿಗೆ ಇದನ್ನು ತೋರಿಸಲಾಗುತ್ತದೆಯೆ ಎಂದು ಕೇಳಿದ್ದಾಳೆ. ತೋರಿಸಬಹುದು. ಆದರೆ ಅಲ್ಲಿ ಕನ್ನಡ, ತಮಿಳು ಬಲ್ಲವರಿದ್ದಾರೆ. ಮರಾಠಿ ಬಲ್ಲವರಿಲ್ಲ, ಅಡಿಬರಹ ಓದುವವರೂ ಕಡಿಮೆ. ಈ ಎರಡು ಚಿತ್ರಗಳಿಗೆ ಒಳ್ಳೆಯ ಕನ್ನಡ ದನಿ ಕೊಡಿಸುವವರು ಮುಂದೆ ಬಂದರೆ ನಿಜವಾದ ಸಾಹಿತ್ಯಸೇವೆಯಾದೀತು. ಅಲ್ಲಿಯವರೆಗೆ ನಾನೇ ಹೋಗಿ ಕುಳಿತು ಹೇಳುತ್ತೇನೆಂದು ಒಪ್ಪಿಕೊಂಡಿದ್ದೇನೆ. ಬರುವ ಭಾನುವಾರ ಸಂಜೆ ಎಂದು ಗೊತ್ತಾಗಿದೆ. ಪಕ್ಕದಲ್ಲಿ ಆಕೆ ಕುಳಿತಿರುತ್ತಾಳೆ, ಆದ್ದರಿಂದ ಯಾವ ಮಾತನ್ನೂ ನುಂಗುವ ಹಾಗಿಲ್ಲ.